ಸೂತಕದಲ್ಲಿ ತಿಳಿಯಾದ ಮುಖ

ನನ್ನ ಮುಖದ ಮೇಲೆ ನನಗೆ ಹಕ್ಕು ಬಂದದ್ದು ಬಹಳ ತಡವಾಗಿ. ಅಲ್ಲಿಯವರೆಗೆ ಅದು ಮನೆಮಂದಿಯ ಆಸ್ತಿಯಾಗಿತ್ತು. ಅವ್ವ ನೋಡುತ್ತಿದ್ದಳು, ಅಪ್ಪ ನೋಡುತ್ತಿದ್ದ. ಹೆಪ್ಪಿಗೆ ಮಜ್ಜಿಗೆ ಕೇಳಲು ಬಂದ ನೆರೆಮನೆಯವಳು ಕೂಡ ನನ್ನ ಗಲ್ಲ ಹಿಡಿದು ಬೆಳಕಿನ ಕಡೆ ತಿರುಗಿಸಿ, "ಇನ್ನೂ ಕಡಿಮಿ ಆಗಿಲ್ಲಲ್ರೀ ವೈನಿ?" ಎಂದು ಕೇಳುತ್ತಿದ್ದಳು. ಕೇಳುತ್ತಿದ್ದದ್ದು ನನ್ನನ್ನಲ್ಲ, ಅವ್ವನನ್ನು. ಸಂತೆಯಲ್ಲಿ ಎಮ್ಮೆ ಕೊಳ್ಳುವವರು ಬಾಯಿ ತೆರೆಸಿ ಹಲ್ಲು ನೋಡುವಾಗ ಎಮ್ಮೆಯನ್ನು ಯಾರಾದರೂ ಮಾತಾಡಿಸುತ್ತಾರೆಯೇ? ನಾನೂ ಕೊರಳು ಚಾಚಿಕೊಂಡು ಸುಮ್ಮನೆ ನಿಲ್ಲುತ್ತಿದ್ದೆ.

ಇದು ಐವತ್ತರ ದಶಕದ ಮಾತು. ಆಗಿನ್ನೂ ನಮ್ಮ ಸೀಮೆ ಮುಂಬಯಿ ಸರಕಾರಕ್ಕೆ ಸೇರಿತ್ತು. ಶಿಗ್ಗಾಂವದಲ್ಲಿ ಅಪ್ಪನದು ಜೋಳ, ಕಡಲೆಯ ದಲಾಲಿ ಅಂಗಡಿ. ನಮ್ಮ ಓಣಿ ಹೋಗಿ ಮುಟ್ಟುವುದು ಪುಣೆ ಬೆಂಗಳೂರಿನ ದೊಡ್ಡ ರಸ್ತೆಗೆ. ನನ್ನನ್ನು ತಡವಾಗಿ ಶಾಲೆಗೆ ಹಾಕಿದ್ದರಿಂದ ಏಳನೆಯ ಇಯತ್ತೆ ಮುಗಿಸಿ ಮುಲ್ಕಿ ಪರೀಕ್ಷೆ ಪಾಸಾಗುವಷ್ಟರಲ್ಲಿ ಹದಿನಾರು ತುಂಬಿತ್ತು. ಮುಲ್ಕಿ ಪಾಸಾದ ಹುಡುಗಿಯರನ್ನು ಧಾರವಾಡದಲ್ಲಿ ಮಾಸ್ತರಿಕೆಯ ಟ್ರೇನಿಂಗಿಗೆ ತೆಗೆದುಕೊಳ್ಳುತ್ತಿದ್ದರು. ನಮ್ಮ ಶಾಲೆಯಲ್ಲಿ ಪಾಠ ಹೇಳುತ್ತಿದ್ದ ಅಕ್ಕೋರು ಅಲ್ಲಿ ಕಲಿತು ಬಂದವರೇ. ಅವರು ಕೈಯಲ್ಲಿ ಛತ್ರಿ ಹಿಡಿದು, ಯಾರ ಅಪ್ಪಣೆಗೂ ಕಾಯದೆ, ನಡುಮಧ್ಯಾಹ್ನ ರಸ್ತೆ ದಾಟಿ ಹೋಗುವುದನ್ನು ನೋಡಿ ನನಗೆ ಹೊಟ್ಟೆ ಉರಿಯುತ್ತಿತ್ತು. ನನಗೆ ಬೇಕಾದದ್ದು ಅದೊಂದೇ. ಧಾರವಾಡಕ್ಕೆ ಹೋಗಬೇಕು, ಅಕ್ಕೋರಾಗಿ ಬರಬೇಕು.

ಅದೇ ವರ್ಷ ಮುಖದ ತುಂಬ ಮೊಡವೆ ಎದ್ದವು. ಹಣೆ, ಗಲ್ಲ, ಗದ್ದದ ಕೆಳಗೆ ಕೂಡ. ಕೆಲವು ಕೀವು ತುಂಬಿ ರಾತ್ರಿ ಒತ್ತಿದರೆ ನಿದ್ದೆ ಕೆಡಿಸುತ್ತಿದ್ದವು. ಟ್ರೇನಿಂಗಿನ ಮಾತೆತ್ತಿದಾಗ ಅಪ್ಪ ಇಲ್ಲ ಎನ್ನಲಿಲ್ಲ.

"ಕಳಸಾಂಗಿಲ್ಲ ಅಂತ ಯಾರಂದ್ರು?" ಎಂದ. "ಮದಲ ಮಾರಿ ಹಸನ ಆಗ್ಲಿ. ಇಂಥಾ ಮಾರಿ ತಗೊಂಡು ಧಾರವಾಡದಾಗ ಮಂದಿ ಮುಂದ ಹೆಂಗ ನಿಂದ್ರತಿ? ಹಸನ ಆದ ಮರುದಿನ ನಾನ ಬಸ್ಸಿನ್ಯಾಗ ಕರಕೊಂಡು ಹೋಗ್ತೇನಿ."

ನಾನು ಆ ಮಾತನ್ನು ಸೆರಗಿನಲ್ಲಿ ಗಂಟು ಹಾಕಿಕೊಂಡೆ. ಮುಖ ತಿಳಿಯಾಗಬೇಕು, ಅಷ್ಟೇ ತಾನೆ? ಏನು ಹಚ್ಚಿದರೂ ಹಚ್ಚಿಸಿಕೊಳ್ಳುತ್ತೇನೆ ಎಂದುಕೊಂಡೆ.

ಹಚ್ಚುವ ಕೆಲಸ ಅತ್ತೆಯದು. ಅಪ್ಪನ ಅಕ್ಕ. ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡು ತವರಿಗೆ ಬಂದವಳು, ನಮ್ಮನ್ನೆಲ್ಲ ಎತ್ತಿ ಆಡಿಸಿದವಳು. ಅವಳ ಕೈಗುಣದ ಮೇಲೆ ಮನೆಯಲ್ಲಿ ಎಲ್ಲರಿಗೂ ನಂಬಿಕೆ, ಯಾಕೆಂದರೆ ನನ್ನ ಅಕ್ಕನನ್ನು ತಿದ್ದಿ ತೀಡಿದವಳು ಅವಳೇ. ಅಕ್ಕನ ಚರ್ಮ ಒಣಕಲು. ಚಳಿಗಾಲದಲ್ಲಿ ಉಗುರು ತಾಗಿದರೆ ಬಿಳಿ ಗೆರೆ ಮೂಡುತ್ತಿತ್ತು, ತುಟಿ ಒಡೆಯುತ್ತಿತ್ತು. ಅತ್ತೆ ವರ್ಷವಿಡೀ ಕೆನೆ ತಿಕ್ಕಿ ತಿಕ್ಕಿ ಅದನ್ನು ಬೆಣ್ಣೆಯಂತೆ ಮಾಡಿದ್ದಳು. ಹಾನಗಲ್ಲಿನಿಂದ ನೋಡಲು ಬಂದವರು ಅಕ್ಕನ ಮುಖ ನೋಡಿ ಕುಳಿತಲ್ಲಿಯೇ ಹೂಂ ಎಂದು, ಎಲೆ ಅಡಿಕೆ ತಗೊಂಡು ಹೋಗಿದ್ದರು. ಅಂದಿನಿಂದ ನಮ್ಮ ಮನೆಯಲ್ಲಿ ಕೆನೆ ಎಂದರೆ ದೇವರಿಗಿಂತ ಒಂದು ಕೈ ಮೇಲು.

ಆದರೆ ನನ್ನ ಚರ್ಮ ಅಕ್ಕನದಲ್ಲ. ಬೆಳಿಗ್ಗೆ ಮುಖ ತೊಳೆದರೆ ಊಟದ ಹೊತ್ತಿಗೆ ಮತ್ತೆ ಮಿರಮಿರ ಮಿಂಚುತ್ತಿತ್ತು. "ನಿನ್ನ ಮೂಗಿಗೆ ಒಂದು ಬತ್ತಿ ಹಚ್ಚಿದರ ದೇವರ ಮುಂದ ದೀಪಾ ಬ್ಯಾಡ" ಎಂದು ಅಕ್ಕನೇ ನಗಾಡುತ್ತಿದ್ದಳು. ನಗುವಾಗ ಕಂಡ ಈ ಸಂಗತಿ ಉಪಚಾರದ ಹೊತ್ತಿಗೆ ಒಬ್ಬರಿಗೂ ನೆನಪಾಗಲಿಲ್ಲ. ಒಬ್ಬಳಿಗೆ ಆಗಿ ಬಂದದ್ದು ಇನ್ನೊಬ್ಬಳಿಗೂ ಆಗಬೇಕು, ಒಂದೇ ಹೊಟ್ಟೆಯಲ್ಲಿ ಹುಟ್ಟಿದವರಲ್ಲವೇ ಎಂಬುದು ಅವ್ವನ ಲೆಕ್ಕ.

ಬೆಳಿಗ್ಗೆ ಎದ್ದ ಕೂಡಲೇ ಎಮ್ಮೆ ಹಾಲಿನ ಕೆನೆಯಲ್ಲಿ ಅರಿಶಿಣ ತೇಯ್ದು ಅತ್ತೆ ನನ್ನನ್ನು ಮುಂದೆ ಕೂಡಿಸಿಕೊಳ್ಳುತ್ತಿದ್ದಳು. ಅದು ಒಣಗಿ ಚರ್ಮ ಹಿಡಿದೆಳೆಯುವವರೆಗೆ ನಗುವಂತಿಲ್ಲ, ಮಾತಾಡುವಂತಿಲ್ಲ. ಕಡಲೆ ಹಿಟ್ಟಿನಿಂದ ತೊಳೆದ ಮೇಲೆ ಕುಸುಬಿ ಎಣ್ಣೆಯ ಕೈ. ಸಂಜೆ ಬೆಣ್ಣೆ. ಇದು ಒಂದು ದಿನವೂ ತಪ್ಪುವಂತಿಲ್ಲ. ಹಬ್ಬವಿರಲಿ, ಜ್ವರವಿರಲಿ, ಕೆನೆ ಮಾತ್ರ ಹೊತ್ತಿಗೆ ಸರಿಯಾಗಿ ಹಾಜರು. ಬಿಸಿಲು ತಾಗಿದರೆ ಹಚ್ಚಿದ್ದೆಲ್ಲ ಹಾಳು ಎಂದು ಹೊರಗೆ ಕಾಲಿಡುವುದೂ ನಿಂತಿತು. ಬಾವಿಗಿಲ್ಲ, ಗುಡಿಗಿಲ್ಲ, ಗೆಳತಿಯ ಮನೆಗಿಲ್ಲ. ನಡುಮನೆಯಲ್ಲಿ ಒಂದು ಸಣ್ಣ ಕಿಡಕಿ ಇತ್ತು. ಅಲ್ಲಿಂದ ಓಣಿ ಕಾಣುತ್ತಿತ್ತು, ದೊಡ್ಡ ರಸ್ತೆ ಕಾಣುತ್ತಿರಲಿಲ್ಲ, ಅದರ ಸಪ್ಪಳ ಮಾತ್ರ ಕೇಳುತ್ತಿತ್ತು. ಹುಬ್ಬಳ್ಳಿ ಕಡೆ ಹೋಗುವ ಬಸ್ಸು ಯಾವುದು, ಹಾವೇರಿ ಕಡೆ ಹೋಗುವುದು ಯಾವುದು ಎಂದು ಹಾರ್ನ್ ಕೇಳಿಯೇ ಹೇಳುವಷ್ಟು ನಾನು ಪಳಗಿಬಿಟ್ಟೆ. ಧಾರವಾಡಕ್ಕೆ ಹೋಗುವವರು ಹತ್ತುವ ಬಸ್ಸು ಹೋದಾಗಲೆಲ್ಲ ನನಗೆ ಅಳು ಬರುತ್ತಿತ್ತು. ಅತ್ತರೆ ಹಚ್ಚಿದ ಅರಿಶಿಣ ಕೆಡುತ್ತದೆ ಎಂದು ಅವ್ವ ಅದಕ್ಕೂ ಬೈಯುತ್ತಿದ್ದಳು.

ಮೊಡವೆ ಹೆಚ್ಚಿದವು. ಹೆಚ್ಚಿದ್ದಕ್ಕೆ ಕೆನೆ ಹೆಚ್ಚಿತು. ಕೆನೆ ಹೆಚ್ಚಿದ್ದಕ್ಕೆ ಮೊಡವೆ ಇನ್ನಷ್ಟು ಹೆಚ್ಚಿದವು. ಕನ್ನಡಿಯಲ್ಲಿ ನೋಡಿಕೊಂಡರೆ ಕಡಲೆ ಹಿಟ್ಟಿನಲ್ಲಿ ಅದ್ದಿ ಎಣ್ಣೆಗೆ ಬಿಟ್ಟ ಬದನೆಕಾಯಿ ಭಜಿಯಂತೆ ಕಾಣುತ್ತಿದ್ದೆ. ಆ ವರ್ಷ ಟ್ರೇನಿಂಗಿನ ಸೇರ್ಪಡೆ ಮುಗಿದುಹೋಯಿತು. ನನ್ನ ಜೊತೆ ಪಾಸಾದ ಹುಡುಗಿಯೊಬ್ಬಳು ಟ್ರಂಕು ಹೊರಿಸಿಕೊಂಡು ಓಣಿಯಲ್ಲೇ ಹಾದುಹೋದಳು. ಕಿಡಕಿಯ ಹತ್ತಿರ ನಿಂತು "ಏ, ಹೋಗಿಬರ್ತೇನಿ" ಎಂದಳು. ನಾನು ಕೆನೆ ಮೆತ್ತಿಕೊಂಡಿದ್ದೆ, ಬಾಯಿ ತೆರೆಯುವಂತಿರಲಿಲ್ಲ. ಕೈಯಾಡಿಸಿದೆ. ಇಷ್ಟು ವರ್ಷವಾದರೂ ಅದನ್ನು ನೆನೆದರೆ ಮೈ ಉರಿಯುತ್ತದೆ.

ಹಿಂಗಾರಿಯ ಹೊತ್ತಿಗೆ ಸವಣೂರಿನಿಂದ ಸುದ್ದಿ ಬಂತು. ನಮ್ಮ ಪೈಕಿಯ ಹಿರಿಯರೊಬ್ಬರು, ಅಪ್ಪನಿಗೆ ದೊಡ್ಡಪ್ಪನ ಮಗ, ತೀರಿಕೊಂಡಿದ್ದರು. ಅಪ್ಪ ಹೋಗಿ ಮಣ್ಣು ಮಾಡಿ ಬಂದ. ಮನೆಗೆ ಸೂತಕ ತಗುಲಿತು. ನಮ್ಮಲ್ಲಿ ಸೂತಕ ಕಳೆಯುವವರೆಗೆ ಮನೆಯ ಯಾರೂ ಮೈಗೆ ಎಣ್ಣೆ ಮುಟ್ಟಿಸುವಂತಿಲ್ಲ, ಹೆಂಗಸರು ಅರಿಶಿಣ ಹಚ್ಚುವಂತಿಲ್ಲ. ಕೆನೆ ಬೆಣ್ಣೆಯ ಸಿಂಗಾರದ ಮಾತಂತೂ ಆಡುವಂತೆಯೇ ಇಲ್ಲ. ಬರೀ ತಣ್ಣೀರು. ಆ ಸೂತಕ ಮುಗಿದ ಮರುದಿನವೇ ಅದೇ ಮನೆಯ ಇನ್ನೊಬ್ಬ ಮುದುಕರು ಹೋದರು. ಹೀಗೆ ಒಂದರ ಬೆನ್ನಿಗೆ ಒಂದು ಸೂತಕ ಕೂಡಿ ಹೆಚ್ಚೂಕಡಿಮೆ ತಿಂಗಳೊಪ್ಪತ್ತು ನನ್ನ ಮುಖಕ್ಕೆ ಯಾರ ಕೈಯೂ ತಾಗಲಿಲ್ಲ.

ನಾನು ಮಾಡಿದ್ದು ಇಷ್ಟೇ. ಮುಖ ಜಿಗಿಜಿಗಿ ಎನಿಸಿದಾಗಲೆಲ್ಲ ಬಚ್ಚಲಿಗೆ ಹೋಗಿ ಒಂದು ತಂಬಿಗೆ ನೀರು ಎರಚಿಕೊಂಡು, ಅಪ್ಪನ ಹಳೆಯ ಧೋತರದ ತುಂಡಿನಿಂದ ಒತ್ತಿ ಒರೆಸಿಕೊಳ್ಳುತ್ತಿದ್ದೆ. ಮೊದಮೊದಲು ಹೊಸ ಮೊಡವೆ ಏಳುವುದು ನಿಂತಿತು. ಆಮೇಲೆ ಹಳೆಯವು ಒಣಗಿದವು. ಎರಡನೆಯ ಸೂತಕ ಕಳೆಯುವಷ್ಟರಲ್ಲಿ ಕಲೆಗಳು ಬಿಟ್ಟರೆ ಮುಖ ತಿಳಿಯಾಗಿತ್ತು. ಮನೆಯಲ್ಲಿ ಎಲ್ಲರೂ ಬಾಡಿದ ಮುಖ ಮಾಡಿಕೊಂಡು ಕುಳಿತಾಗ ನನಗೊಬ್ಬಳಿಗೆ ಒಳಗೊಳಗೇ ಹಬ್ಬ. ನಾಚಿಕೆಯೂ ಆಗುತ್ತಿತ್ತು, ಖುಷಿಯೂ ಆಗುತ್ತಿತ್ತು. ಖುಷಿಯೇ ಜಾಸ್ತಿ.

ಆ ದಿನಗಳಲ್ಲಿ ನಾನು ಅತ್ತೆಯ ಮುಖವನ್ನು ಮೊದಲ ಸಲ ಸರಿಯಾಗಿ ನೋಡಿದೆ. ಉಳಿದ ಹೆಂಗಸರಿಗೆ ಎಣ್ಣೆ ಅರಿಶಿಣ ತಪ್ಪಿದ್ದು ಆ ಕೆಲವು ದಿನ. ಅವಳಿಗೆ ತಪ್ಪಿ ಯಾವ ಕಾಲವಾಗಿತ್ತೋ. ಗಂಡ ಹೋದ ದಿನದಿಂದ ಅವಳ ಮುಖಕ್ಕೆ ಬಿದ್ದದ್ದು ಬಾವಿಯ ನೀರೊಂದೇ. ಆದರೂ ಅದೆಷ್ಟು ನುಣುಪು! ಮೂಗಿನ ಮೇಲೆ ನನ್ನದೇ ಮಿಂಚು. ಅಗಲ ಹಣೆ ನನ್ನದೇ. ನಾನು ಅಕ್ಕನ ಚರ್ಮದವಳಲ್ಲ, ಅತ್ತೆಯ ಚರ್ಮದವಳು ಎಂದು ನನಗೆ ಹೊಳೆಯಿತು. ಎಣ್ಣೆ ತಾನೇ ಸುರಿಸುವ ಚರ್ಮಕ್ಕೆ ಮೇಲಿಂದ ಎಣ್ಣೆ ಯಾತಕ್ಕೆ? ಇಷ್ಟು ಸರಳ ಮಾತು.

ಅದನ್ನು ಅವಳ ಮುಂದೆಯೇ ಆಡಿದೆ. "ಅತ್ತಿ, ಎಣ್ಣಿ ಕೆನಿ ಬಿಟ್ಟಿದ್ದಕ್ಕ ಹಸನ ಆತು ನೋಡ. ನಿನ್ನಂಗ ಬರೇ ನೀರ ಹಚ್ಚಿದ್ರ..."

ಅತ್ತೆ ಅಂಗೈಯಿಂದ ನನ್ನ ಬಾಯಿ ಮುಚ್ಚಿದಳು. "ಸೂತಕದಾಗ ಹಸನ ಆತು ಅಂತ ಯಾರ ಮುಂದೂ ಅನಬ್ಯಾಡ. ನಿನ್ನಂಗ ಅಂತ ಮದಲ ಅನಬ್ಯಾಡ. ಬಿಡ್ತು ಅನ್ನು."

ಬಿಡ್ತು ಎಂದೆ. ಅವ್ವನಿಗೆ ಬೇರೆಯೇ ಕಾರಣ ಸಿಕ್ಕಿತ್ತು. "ನೋಡ್ರಿ, ತಿಂಗಳಗಟ್ಲೆ ತಿಕ್ಕಿದ್ದು ಈಗ ಹಿಡೀತು. ಕೆನಿ ಗುಣಾ ತಡಾ ಆಗಿ ಕಾಣತೈತಿ" ಎಂದು ಓಣಿಯಲ್ಲೆಲ್ಲ ಹೇಳಿಕೊಂಡು ಬಂದಳು. ಸೂತಕ ಕಳೆದ ಮರುದಿನವೇ ಕೆನೆಯ ವಾಟಿ ಮತ್ತೆ ಬಂತು. ಇನ್ನು ಮುಂದೆ ನಾನೇ ಹಚ್ಚಿಕೊಳ್ಳುತ್ತೇನೆ ಎಂದು ಇಸಿದುಕೊಂಡು ಹಿತ್ತಲಿಗೆ ಹೋಗಿ ಬೆಕ್ಕಿಗೆ ಇಟ್ಟೆ. ಅರಿಶಿಣ ಬೆರೆತ ಕೆನೆ ತಿಂದು ತಿಂದು ಆ ಬೆಕ್ಕಿನ ಮೀಸೆ ಹಳದಿಯಾಯಿತು. ಮನೆಯಲ್ಲಿ ಯಾರೂ ಅದನ್ನು ಗಮನಿಸಲಿಲ್ಲ. ಗಮನವೆಲ್ಲ ನನ್ನ ಮೇಲಿತ್ತಲ್ಲ.

ಮುಖ ಹಾಗೇ ತಿಳಿಯಾಗಿ ನಿಂತಿತು. ಯುಗಾದಿ ಮುಗಿದ ಮೇಲೆ ಒಂದು ದಿನ ಅಪ್ಪ ಅಂಗಡಿಯಿಂದ ಬಂದು ಕೈಕಾಲು ತೊಳೆಯುವಾಗ ನೀರು ಹಾಕುತ್ತ, "ಅಪ್ಪಾ, ಮಾರಿ ಹಸನ ಆತು. ಧಾರವಾಡಕ್ಕ ಯಾವಾಗ ಹೋಗೂದು?" ಎಂದು ಕೇಳಿದೆ.

ಅಪ್ಪ ನನ್ನ ಗದ್ದ ಹಿಡಿದೆತ್ತಿ ನೋಡಿದ. ಬಹಳ ಸಂತೋಷವಾಗಿತ್ತು ಅವನಿಗೆ. "ಚಲೋ ಆತು ತಗೀ. ಹಿರೇಕೆರೂರಿನವರು ಬರೂ ವಾರ ಬರ್ತೇವಂತ ಹೇಳಿ ಕಳಸ್ಯಾರ. ಹತ್ತೀ ಹೊಲಾ ಅದಾವು, ಹುಡುಗ ಒಬ್ಬಾವ" ಎಂದ.

"ಟ್ರೇನಿಂಗೂ?"

"ಇಷ್ಟ ಚಂದ ಮಾರಿ ಇಟಗೊಂಡು ಮಾಸ್ತರಿಕಿ ಯಾಕ ಮಾಡ್ತಿ?"

ತಂಬಿಗೆ ಕೈಯಲ್ಲೇ ಉಳಿಯಿತು. ಮುಖ ಕೆಟ್ಟಾಗ ಕೆಟ್ಟಿದೆ ಎಂದು ಹೊರಗೆ ಬಿಡಲಿಲ್ಲ. ಈಗ ಚೆನ್ನಾಗಿದೆ ಎಂದು ಬಿಡುತ್ತಿಲ್ಲ. ಅಪ್ಪ ಕೆಟ್ಟವನೇನಲ್ಲ. ತಾನು ಮಾತು ಮುರಿಯುತ್ತಿದ್ದೇನೆ ಎಂಬುದು ಅವನ ಮನಸ್ಸಿಗೇ ಬಂದಿರಲಿಲ್ಲ. ಬಂದಿದ್ದರೆ ಜಗಳವಾದರೂ ಆಡಬಹುದಿತ್ತು.

ನನಗೆ ಉಳಿದದ್ದು ಒಂದೇ ದಾರಿ. ನನ್ನ ಮುಖ ಹೇಗೆ ತಿಳಿಯಾಗುತ್ತದೆ ಎಂದು ಗೊತ್ತಿದ್ದವಳಿಗೆ ಹೇಗೆ ಕೆಡುತ್ತದೆ ಎಂಬುದೂ ಗೊತ್ತಿತ್ತು. ಮಧ್ಯಾಹ್ನ ಎಲ್ಲರೂ ಅಡ್ಡಾದಾಗ ಕೆನೆಯನ್ನು ಬೆಕ್ಕಿಗೆ ಕೊಡದೆ ನಾನೇ ಬಳಿದುಕೊಂಡೆ. ಮೇಲೆ ಕುಸುಬಿ ಎಣ್ಣೆ, ಅದರ ಮೇಲೆ ಬೆಣ್ಣೆ. ತೊಳೆಯಲಿಲ್ಲ. ಬಚ್ಚಲ ಒಲೆಯ ಮುಂದೆ ಕುಳಿತು ಬೆವತೆ. ಮುಖ ನನ್ನನ್ನು ನಿರಾಸೆ ಮಾಡಲಿಲ್ಲ. ಹಿರೇಕೆರೂರಿನವರು ಬಂದು ಪಡಸಾಲೆಯಲ್ಲಿ ಜಮಖಾನೆಯ ಮೇಲೆ ಕುಳಿತ ದಿನ ನನ್ನ ಗಲ್ಲದ ಮೇಲೆ ಕೆಂಪನೆಯ ಸಾಲು ಸಾಲು ಗುಳ್ಳೆ. ಅವ್ವ ಹಣೆ ಬಡಿದುಕೊಂಡಳು. ನಾನು ತಲೆಯನ್ನು ಇದ್ದಷ್ಟೂ ಎತ್ತಿಕೊಂಡು ಹೋಗಿ ಕುಳಿತೆ. ನೋಡಲಿ, ಚೆನ್ನಾಗಿ ನೋಡಲಿ.

ಹುಡುಗನ ತಾಯಿ ಎತ್ತರದ ಹೆಂಗಸು. ನನ್ನ ಮುಖದ ಮೇಲೆ ಒಂದು ಗಳಿಗೆಯೂ ಕಣ್ಣು ನಿಲ್ಲಿಸಲಿಲ್ಲ. "ಕೈ ಕೊಡ ಇಲ್ಲೆ" ಎಂದಳು. ನನ್ನ ಎರಡೂ ಅಂಗೈ ತಿರುವಿ ನೋಡಿದಳು, ಬೆರಳು ಮಡಚಿ ಬಿಚ್ಚಿಸಿದಳು, ಮಣಿಕಟ್ಟು ಒತ್ತಿದಳು. "ಗಟ್ಟಿ ಅದಾವು. ಹತ್ತಿ ಬಿಡಸೂ ಕೈ" ಎಂದು ಗಂಡನಿಗೆ ಹೇಳಿದಳು.

ಅವ್ವ ಮೊಡವೆಯ ಬಗ್ಗೆ ಏನೋ ಸಮಜಾಯಿಷಿ ಕೊಡಲು ಹೋದಳು. ಆ ತಾಯಿ ನಕ್ಕುಬಿಟ್ಟಳು.

"ಅವೇನು ಬಿಡ್ರಿ. ಲಗ್ನ ಆದ ಮ್ಯಾಲ ತಾವ ಹೋಗ್ತಾವು."

ಇಷ್ಟೇ. ಅಷ್ಟು ತಿಂಗಳು ತಿಕ್ಕಿದ್ದು, ಮುಚ್ಚಿಟ್ಟದ್ದು, ನಾನು ಒಲೆ ಮುಂದೆ ಬೆಂದದ್ದು, ಯಾವುದೂ ಲೆಕ್ಕಕ್ಕೆ ಬರಲಿಲ್ಲ. ಪಡಸಾಲೆಯ ಮೂಲೆಯಲ್ಲಿ, ಶುಭಕಾರ್ಯದ ನಡುವೆ ತನ್ನ ನೆರಳು ಬೀಳದ ಹಾಗೆ ಬಾಗಿಲ ಹಿಂದೆ ನಿಂತಿದ್ದ ಅತ್ತೆಯನ್ನು ನೋಡಿದೆ. ಅವಳು ಕಣ್ಣು ಕೆಳಗೆ ಹಾಕಿದಳು.

ಹಿರೇಕೆರೂರಿನಲ್ಲಿ ಗಂಡನ ಮನೆಯ ಕೆಲಸ ಬಹಳ. ಬೆಳಗಿನಿಂದ ಸಂಜೆಯವರೆಗೆ ಕೈ ನನ್ನವಲ್ಲ, ಕಾಲೂ ನನ್ನವಲ್ಲ. ಮುಖವೊಂದನ್ನು ಮಾತ್ರ ನಾನು ಹಿಡಿದಿಟ್ಟುಕೊಂಡೆ. ಎದ್ದ ಕೂಡಲೇ ತಣ್ಣೀರು, ಮಧ್ಯಾಹ್ನ ಹತ್ತಿಯ ಧೂಳು ಕೂತ ಮೇಲೆ ತಣ್ಣೀರು, ಸಂಜೆ ಚಿಟಿಕೆ ಕಡಲೆ ಹಿಟ್ಟಿನಲ್ಲಿ ತಿಕ್ಕದೆ ಸವರಿ ತೊಳೆಯುವುದು, ಒಗೆದ ಮೆತ್ತನೆಯ ಅರಿವೆಯಿಂದ ಒತ್ತುವುದು. ಎಣ್ಣೆಯಿಲ್ಲ, ಕೆನೆಯಿಲ್ಲ. ಗುಳ್ಳೆ ಎದ್ದರೆ ಚಿವುಟುವುದಿಲ್ಲ. ಬಾಣಂತಿತನದಲ್ಲೂ ಬಿಡಲಿಲ್ಲ. "ಎಷ್ಟ ಸಲ ಮಾರಿ ತೊಳಿತಿ? ಬಾವಿ ಬತ್ತೀತು" ಎಂದು ನನ್ನ ಗಂಡನ ತಾಯಿ ಅಣಕಿಸುತ್ತಿದ್ದಳು. ಅದಕ್ಕಿಂತ ಕಷ್ಟದ್ದು ಅರಿಶಿಣ. ಮುತ್ತೈದೆಯ ಗಲ್ಲ ಬರಿದಾಗಿ ಇರಬಾರದು. "ಬರೇ ನೀರಿನ ಮಾರಿ ನಮ್ಮ ಮನ್ಯಾಗ ನಡಿಯೂದಿಲ್ಲ" ಎಂದಳು. ಕೊನೆಗೆ ಕಿವಿಯ ಬುಡಕ್ಕೆ, ಕೊರಳಿಗೆ ಎದ್ದು ಕಾಣುವಂತೆ ಹಚ್ಚಿ, ಗಲ್ಲಕ್ಕೆ ಹಚ್ಚಿದಂತೆ ಮಾಡಿ ಒರೆಸಿಕೊಳ್ಳುವುದನ್ನು ಕಲಿತೆ. ಮೊಡವೆ ಹೋದವು. ಕೀರ್ತಿ ಲಗ್ನಕ್ಕೆ ಹೋಯಿತು. "ನಾ ಹೇಳಿರಲಿಲ್ಲೇನು?" ಎಂದು ಆಕೆ ಸಿಕ್ಕಸಿಕ್ಕವರ ಮುಂದೆ ಹೇಳಿದಳು.

ಅರವತ್ತರ ದಶಕ ಮುಗಿಯುತ್ತ ಬಂದಾಗ ನನ್ನ ಮಗಳಿಗೆ ಹನ್ನೆರಡು. ಅವಳ ಮೂಗಿನ ಮೇಲೂ ಅದೇ ಮಿಂಚು. ಹಣೆಯ ಮೇಲೆ ಮೊದಲ ಗುಳ್ಳೆಗಳು ಎದ್ದ ವಾರ ಅತ್ತೆ ಶಿಗ್ಗಾಂವದಿಂದ ನಮ್ಮಲ್ಲಿಗೆ ಬಂದಿದ್ದಳು. ಪೂರಾ ಮುದುಕಿಯಾಗಿದ್ದಳು, ಬಸ್ಸಿನಲ್ಲಿ ಬಂದ ದಣಿವಿಗೆ ಎರಡು ದಿನ ಎದ್ದಿರಲಿಲ್ಲ. ಆ ಬೆಳಿಗ್ಗೆ ಮಗಳು ಪಾಟೀಚೀಲ ಕೆಳಗಿಟ್ಟು ಕಂಬಕ್ಕೆ ಆತುಕೊಂಡು ಕುಳಿತಳು.

"ಸಾಲಿಗೆ ಹೋಗಾಂಗಿಲ್ಲ. ಹುಡಿಗ್ಯಾರು ನಗ್ತಾರು. ಮಾರಿ ಹಸನ ಆದ ಮ್ಯಾಲ ಹೋಗ್ತೇನಿ."

ಯಾರೂ ಅವಳಿಗೆ ಹೇಳಿಕೊಟ್ಟ ಮಾತಲ್ಲ. ಅಷ್ಟರಲ್ಲಿ ಅವಳ ಅಜ್ಜಿ, ನನ್ನ ಗಂಡನ ತಾಯಿ, ಒಳಗಿನಿಂದ ಕೆನೆಯ ವಾಟಿ ಹಿಡಿದು ಬಂದೇಬಿಟ್ಟಳು. "ಇರ್ಲಿ ಬಿಡು, ನಾಕ ದಿನ ಮನ್ಯಾಗ ಇರ್ಲಿ. ಬಾ, ಹಚ್ಚತೇನಿ."

ನಾನು ಬಾಯಿ ತೆರೆಯುವ ಮೊದಲೇ ಅತ್ತೆ ಹಾಸಿಗೆಯಿಂದ ಎದ್ದು ಕುಳಿತಳು. "ಹಚ್ಚಬ್ಯಾಡ್ರಿ ಬೀಗತಿ. ಆ ಚರ್ಮಕ್ಕ ಎಣ್ಣಿ ಆಗೂದಿಲ್ಲ. ಬರೇ ನೀರ ಸಾಕು. ನನಗ ಗೊತ್ತೈತಿ."

"ನಿಮಗ ಹೆಂಗ ಗೊತ್ತು?"

"ನಂದೂ ಹಿಂಗ ಇತ್ತು. ಕೆನಿ ಹಚ್ಚಿ ಹಚ್ಚಿ ಮಾರಿ ತುಂಬ ಹುಣ್ಣ ಆಗಿದ್ವು. ಅವರು ಹೋದ್ರು, ಎಲ್ಲಾ ಬಿಡಿಸಿದ್ರು. ತಿಂಗಳ ತುಂಬೂದ್ರಾಗ ಹಸನ ಆತು." ಅತ್ತೆ ಸೆರಗು ಮುಂದಕ್ಕೆಳೆದುಕೊಂಡಳು. "ಗಂಡ ಸತ್ತ ಮ್ಯಾಲ ಮಾರಿ ಚಂದ ಆತು ಅಂತ ಮಂದಿ ನೋಡಿದ್ರ ಏನಂದಾರು ಅಂತ ತಲಿ ತಗ್ಗಿಸಿ ಅಡ್ಡಾಡಿದೆ."

ಸಿಟ್ಟು ನೆತ್ತಿಗೇರಿತು. "ಗೊತ್ತಿತ್ತು? ಗೊತ್ತಿದ್ದೂ ನನಗ ತಿಕ್ಕಿದೆಲ್ಲ ಅತ್ತಿ? ದಿನಾ ತಿಕ್ಕಿದೆಲ್ಲ!"

"ಬ್ಯಾಡ ಅಂದಿದ್ರ, ಗಂಡ ಸತ್ತಾಕಿ ತನ್ನ ಮಾರಿ ಹುಡಿಗಿಗೂ ತರಾಕತ್ತಾಳ ಅಂತಿದ್ರು. ನನ್ನನ್ನ ಮನ್ಯಾಗ ಇಟಗೊತಿದ್ರೇನ, ನೀನ ಹೇಳು?"

ಈಗಲೂ ಅವಳ ಮೇಲಿನ ಸಿಟ್ಟೂ ಹೋಗಿಲ್ಲ, ಅವಳ ಮೇಲಿನ ಮರುಕವೂ ಹೋಗಿಲ್ಲ.

ವಾಟಿಯನ್ನು ಗಂಡನ ತಾಯಿಯ ಕೈಯಿಂದ ಇಸಿದುಕೊಂಡು ಕಟ್ಟೆಯ ಮೇಲಿಟ್ಟೆ. ಮಗಳ ರಟ್ಟೆ ಹಿಡಿದು ಬಚ್ಚಲಿಗೆ ಎಳೆದೊಯ್ದು, ತಣ್ಣೀರಿನಿಂದ ಮುಖ ತೊಳೆದು, ನನ್ನ ಅರಿವೆಯಿಂದಲೇ ಒತ್ತಿ ಒರೆಸಿದೆ. ಪಾಟೀಚೀಲ ಹೆಗಲಿಗೆ ಹಾಕಿದೆ.

"ಹಸನ ಆಗತೈತಿ. ಆಗದಿದ್ರೂ ಹೋಗು."

ಅವಳು ಅಳುತ್ತಲೇ ಮೆಟ್ಟಿಲಿಳಿದಳು. ನಾನು ಹೊಸ್ತಿಲು ದಾಟಿ ನಿಂತೆ. "ಬಿಸಲಾಗ ಯಾಕ ನಿಂತಿ? ಒಳಗ ಬಾ, ಹತ್ತಿ ಹಂಗ ಬಿದ್ದೈತಿ" ಎಂದು ಒಳಗಿನಿಂದ ಕೂಗಿದರು. ಮಗಳು ಮೂಲೆ ತಿರುಗಿ ಕಾಣದಾಗುವವರೆಗೆ ಬಿಸಿಲಿನಲ್ಲೇ ನಿಂತಿದ್ದೆ. ಆಮೇಲೆ ಒಳಗೆ ಹೋಗಿ ಹತ್ತಿ ಬಿಡಿಸಲು ಕುಳಿತೆ.